ತಾಕ್ ಉನ್‌ಸಿಕ್ ಎಂಬ ಹೆಸರಿನ ಹಲಗೆ

ಮೂರು ಹೆಣ್ಣಾದ ಮೇಲೆ ನಾಲ್ಕನೆಯದೂ ಹೆಣ್ಣಾದಾಗ, ತಾಕ್ ಮನೆಯ ಯಜಮಾನ ಮಗುವಿನ ಮುಖ ನೋಡುವ ಮೊದಲೇ ಹೆಸರು ಗೊತ್ತುಮಾಡಿಬಿಟ್ಟ: ಮಲ್‌ಸುನ್. ಕನ್ನಡದಲ್ಲಿ ಹೇಳುವುದಾದರೆ ಸಾಕಮ್ಮ. ಹೆಣ್ಣು ಇನ್ನು ಸಾಕು, ಇದೇ ಕೊನೆಯದಾಗಲಿ ಎಂದು ಹಾಪ್‌ಚೊನ್ ಕಡೆಯ ಹಳ್ಳಿಗಳಲ್ಲಿ ಇಡುತ್ತಿದ್ದ ಹೆಸರು. ನಾಲ್ಕು ವರ್ಷಕ್ಕೆ ಗಂಡು ಹುಟ್ಟಿತು. ಹೆಸರು ಫಲ ಕೊಟ್ಟಿತು ಎಂದು ಮನೆಯವರೆಲ್ಲ ಹಿಗ್ಗಿದರು. ಮಲ್‌ಸುನ್ ಮಾತ್ರ ಅದನ್ನು ತನ್ನ ಸ್ವಂತ ಸಾಧನೆ ಎಂದೇ ತಿಳಿದಳು. "ಆ ಹೆಸರು ನಾನು ಹೊತ್ಕೊಂಡಿದ್ದಕ್ಕೇ ನೀನು ಹುಟ್ಟಿದ್ದು, ನೆನಪಿರ್ಲಿ" ಎಂದು ತಮ್ಮನಿಗೆ ಐದು ವರ್ಷವಾಗಿದ್ದಾಗ ಹೇಳಿದವಳು, ಅವನು ದೇಶದ ಸಂವಿಧಾನ ನ್ಯಾಯಾಲಯದ ಒಂಬತ್ತು ನ್ಯಾಯಾಧೀಶರಲ್ಲಿ ಒಬ್ಬನಾದಾಗಲೂ ಅದೇ ಧಾಟಿಯಲ್ಲಿ ಹೇಳಿದಳು. ಊರಿಗೆಲ್ಲ ಅವರು ಮಾನ್ಯ ನ್ಯಾಯಾಧೀಶರು. ಅವಳಿಗೆ ಅವನು, ಇವನು, ಲೋ. ಆದ್ದರಿಂದ ಈ ಕತೆಯಲ್ಲೂ ಅವನೇ.

ಈ ತಮ್ಮ ಉನ್‌ಸಿಕ್ ದಡ್ಡನಲ್ಲ, ಸೋಮಾರಿಯೂ ಅಲ್ಲ. ನಿಧಾನ, ಅಷ್ಟೇ. ಹಬ್ಬದ ದಿನ ಎಳ್ಳಿನ ಕಡುಬು, ಹುರುಳಿ ಕಡುಬು ಎರಡನ್ನೂ ಮುಂದಿಟ್ಟು ಯಾವುದು ಬೇಕೋ ಎಂದರೆ ಎರಡನ್ನೂ ನೋಡುತ್ತ ಕೂರುತ್ತಿದ್ದ. ಅಷ್ಟರಲ್ಲಿ ಅಕ್ಕಂದಿರು ಎರಡನ್ನೂ ಮುಗಿಸಿರುತ್ತಿದ್ದರು. ಅವನು ಅಳುತ್ತಿರಲಿಲ್ಲ. "ಎಳ್ಳಿಂದು ಚೆನ್ನಾಗಿತ್ತಾ?" ಎಂದು ವಿಚಾರಿಸಿ, "ನಾನೂ ಅದನ್ನೇ ಅಂದ್ಕೊಂಡಿದ್ದೆ" ಎಂದು ತಲೆಯಾಡಿಸುತ್ತಿದ್ದ.

ಮಲ್‌ಸುನ್ ಹದಿನೈದಕ್ಕೆ ದೇಗು ಪಟ್ಟಣದ ಬಟ್ಟೆ ಮಿಲ್ಲು ಸೇರಿದಳು. ತಮ್ಮ ಹೈಸ್ಕೂಲಿಗೆಂದು ಬಂದು ಅವಳ ಬಾಡಿಗೆ ಕೋಣೆಯ ಮೂಲೆಯಲ್ಲಿ ಪುಸ್ತಕ ಹರಡಿದ. ಮಗ್ಗದ ಸದ್ದಿಗೆ ಅವಳ ಎಡಗಿವಿ ಪೂರ್ತಿ ಮಂದವಾಯಿತು. ಅದರಿಂದ ಒಂದು ಅನುಕೂಲವೂ ಆಯಿತೆನ್ನಿ. ಯಾರಾದರೂ ತಮ್ಮನ ಬಗ್ಗೆ ಕೊಂಕು ತೆಗೆದರೆ ಮೆಲ್ಲಗೆ ತಿರುಗಿ ಎಡಗಿವಿ ಕೊಡುತ್ತಿದ್ದಳು. ಮುಂದೆ ಮದುವೆಯಾಯಿತು, ಗಂಡ ಬೇಗ ತೀರಿಕೊಂಡ, ಇದ್ದೊಬ್ಬ ಮಗಳು ಬೆಳೆದು ಪುಸಾನ್‌ಗೆ ಮದುವೆಯಾಗಿ ಹೋದಳು. ಪೇಟೆಯ ಹಿಂದಿನ ಓಣಿಯಲ್ಲಿ ಮಲ್‌ಸುನ್ ಹಾಕಿದ ಸಾರಿನಂಗಡಿ ಮಾತ್ರ ನೆಲೆಯಾಗಿ ನಿಂತಿತು. ಎಲುಬು ಕುದಿಸಿದ ಕೆಂಪು ಸಾರು, ಬೇರೆ ಬಟ್ಟಲಲ್ಲಿ ಬಿಸಿ ಅನ್ನ, ಖಾರ ಹಚ್ಚಿ ಜಾಡಿಯಲ್ಲಿ ಹುಳಿಯಿಟ್ಟ ಮೂಲಂಗಿ ಕಿಮ್ಚಿ. ಇದಿಷ್ಟೇ ಅಲ್ಲಿ ಸಿಗುವುದು, ಇದಕ್ಕೇ ಜನ ಬರುವುದು.

ತಮ್ಮ ನ್ಯಾಯಾಧೀಶರ ಪರೀಕ್ಷೆಗೆ ಓದಲು ಬೆಟ್ಟದ ಮೇಲಿನ ಬೌದ್ಧ ಗುಡಿಯಲ್ಲೊಂದು ಕೋಣೆ ಹಿಡಿದ. ಹೋಗುವ ದಿನ ಎಲಚಿ ಮರದಲ್ಲಿ ಕೆತ್ತಿಸಿದ ತನ್ನ ಹೆಸರಿನ ಮುದ್ರೆಯನ್ನು ಅಕ್ಕನ ಕೈಗಿಟ್ಟ. ಆ ದೇಶದಲ್ಲಿ ಸಹಿಗೆ ಆಗ ಕಾಸಿನ ಕಿಮ್ಮತ್ತಿರಲಿಲ್ಲ. ಯಾವ ಕಚೇರಿಗೆ ಹೋದರೂ ಕೆಂಪು ಶಾಯಿಯಲ್ಲಿ ಮುದ್ರೆ ಬೀಳಬೇಕು.

"ಬೆಟ್ಟ ಇಳಿದು ಬರೋಕಾಗಲ್ಲ ಅಕ್ಕ. ಎಲ್ಲೆಲ್ಲಿ ಬೇಕೋ ನೀನೇ ಒತ್ತಿಬಿಡು" ಎಂದ. ಅವನು ಯೋಚಿಸದೆ ಆಡಿದ ಮಾತು ಜೀವನದಲ್ಲಿ ಅದೊಂದೇ ಇರಬೇಕು.

ಆರು ಸಲ ಡುಮ್ಕಿ ಹೊಡೆದ. ಉತ್ತರ ಗೊತ್ತಿಲ್ಲದೆ ಅಲ್ಲ, ಉತ್ತರದ ಎರಡು ಬದಿಯನ್ನೂ ತೂಗುತ್ತ ಕೂತು ಹೊತ್ತು ಮೀರಿಸಿ. ಏಳನೆಯ ಸಲ ಪಾಸಾದ. ಊರಿನವರು ಹಳ್ಳಿಯ ಬಾಗಿಲಲ್ಲಿ ರಸ್ತೆಗೆ ಅಡ್ಡಲಾಗಿ ಅಭಿನಂದನೆಯ ಬಟ್ಟೆ ಕಟ್ಟಿದರು. ಮೊದಲ ಸಲವೇ ತಂದಿಟ್ಟಿದ್ದ ಬಟ್ಟೆ ಏಳನೇ ವರ್ಷಕ್ಕೆ ಹಳದಿಗೆ ತಿರುಗಿತ್ತು. ಆದರೂ ಅಕ್ಷರ ದಪ್ಪಗಿದ್ದವು.

ಮೊದಲ ನೇಮಕ ದೇಗುವಿನ ಕೋರ್ಟಿಗೇ ಆಯಿತು. ಅಲ್ಲೊಂದು ಪೇಚು ಕಾದಿತ್ತು. ಪೀಠದಲ್ಲಿ ಒಟ್ಟಿಗೆ ಕೂರುವ ಮೂವರು ನ್ಯಾಯಾಧೀಶರು ಮಧ್ಯಾಹ್ನದ ಊಟಕ್ಕೂ ಒಟ್ಟಿಗೇ ಹೋಗಬೇಕು. ಎಲ್ಲಿಗೆ, ಏನು ತಿನ್ನಲು ಎಂದು ಗೊತ್ತುಮಾಡುವುದು ಅತಿ ಕಿರಿಯನ ಹೊಣೆ. ತೀರ್ಪು ಬರೆಯುವುದನ್ನು ಕಲಿಯುವ ಮೊದಲು ಊಟದ ಹೊಣೆ ಕಲಿಯಬೇಕು ಎಂದು ಹಿರಿಯರು ತಮಾಷೆಗೆ ಹೇಳುತ್ತಾರೆ, ಅರ್ಧ ನಿಜಕ್ಕೂ ಹೇಳುತ್ತಾರೆ. ಮೊದಲ ದಿನ ಉನ್‌ಸಿಕ್ ಒಂದು ಗಂಟೆಯವರೆಗೆ ಯೋಚಿಸಿದ, ಮೂವರೂ ಉಪವಾಸವೇ ವಿಚಾರಣೆಗೆ ಕೂತರು. ಎರಡನೆಯ ದಿನ ಅಕ್ಕನ ಅಂಗಡಿಗೆ ಕರೆತಂದ. ಮೂರನೆಯ ದಿನವೂ ಅಲ್ಲಿಗೇ. ನಾಲ್ಕನೆಯ ತಿಂಗಳ ಹೊತ್ತಿಗೆ ಪೀಠದ ಹಿರಿಯರು ಚಮಚ ಕೆಳಗಿಟ್ಟು ಕೇಳಿದರು: "ತಾಕ್, ದೇಗುವಿನಲ್ಲಿ ಬೇರೆ ಊಟಾನೇ ಇಲ್ವೇನಯ್ಯ?"

"ಇದೆ ಸಾರ್. ಯೋಚನೆ ಮಾಡ್ತಾ ಇದೀನಿ."

ಮದುವೆಯ ಕತೆಯೂ ಹಾಗೆಯೇ. ನ್ಯಾಯಾಧೀಶ ಅಳಿಯನಿಗೆ ಹೆಣ್ಣಿನ ಕಡೆಯವರು ಮೂರು ಕೀಲಿಕೈ ತರುತ್ತಿದ್ದ ಕಾಲ ಅದು: ಮನೆಯದು, ಕಾರಿನದು, ಮುಂದೆಂದೋ ವಕೀಲನಾದರೆ ಇರಲೆಂದು ಆಫೀಸಿನದು. ಕೀಲಿಕೈಗಳನ್ನೆಲ್ಲ ಅವನು ಕೂಡಲೇ ಬೇಡವೆಂದ, ಆ ಮಟ್ಟಿಗೆ ಚುರುಕು. ಆದರೆ ಬರಿಗೈಯಲ್ಲಿ ಬಂದ ಒಬ್ಬ ಶಾಲಾ ಶಿಕ್ಷಕಿ ಅವನ ಮನಸ್ಸಿಗೆ ಹಿಡಿದಳು. ನಾಲ್ಕು ಸಲ ಭೇಟಿಯಾಗಿ ಯೋಚಿಸತೊಡಗಿದ. ಐದನೇ ಭೇಟಿಗೆ ಅವಳು ತನ್ನ ಮದುವೆಯ ಕರೆಯೋಲೆ ಹಿಡಿದು ಬಂದಳು.

"ನೀನು ತೀರ್ಪು ಕೊಡೋ ಹೊತ್ತಿಗೆ ಆ ಹುಡುಗಿ ಮಗ ಸೈನ್ಯಕ್ಕೆ ಹೋಗಿರ್ತಾನೆ ಕಣೋ" ಎಂದಳು ಮಲ್‌ಸುನ್. ಅವನು ಒಂಟಿಯಾಗಿಯೇ ಉಳಿದ. ಅದೊಂದು ನೋವು ಅವಳ ಎದೆಯಲ್ಲಿ ಕೊನೆಯವರೆಗೂ ಇತ್ತು, ಸುಳ್ಳೇಕೆ ಹೇಳುವುದು.

ಅವನಿಗೆ ರಾಜಧಾನಿ ಸೋಲ್‌ಗೆ ವರ್ಗವಾದ ಮರುವರ್ಷ ಓಣಿಗೆ ಕುತ್ತು ಬಂತು. ರಸ್ತೆ ಅಗಲ ಮಾಡುತ್ತಾರಂತೆ, ಇಪ್ಪತ್ತೆರಡು ಅಂಗಡಿ ಹೋಗುತ್ತವಂತೆ ಎಂದು ಸುದ್ದಿ ಹಬ್ಬಿತು. ಯಾರೋ ಬಂದು ಗೋಡೆಗಳ ಮೇಲೆ ಕೆಂಪು ಬಣ್ಣದಲ್ಲಿ ನಂಬರು ಬರೆದು ಹೋದರು. ಮಲ್‌ಸುನ್‌ಳ ಅಂಗಡಿ ಹದಿನಾಲ್ಕು. ಪಕ್ಕದ ಕಡುಬಿನಂಗಡಿಯ ನಾಮ್‌ಗುಂಗ್ ಹದಿನೈದು. ನಾಮ್‌ಗುಂಗ್ ಅವಳಿಗಿಂತ ಹತ್ತು ವರ್ಷ ದೊಡ್ಡವನು, ಬಾಯಿ ತೆರೆದರೆ ಚೇಷ್ಟೆ. ಅವನೂ ಆ ದಿನಗಳಲ್ಲಿ ಸಪ್ಪಗಿದ್ದ. ಓಣಿಯವರು ಸೇರಿ ಮನವಿ ಬರೆದರು. ಮಲ್‌ಸುನ್‌ಗೆ ಮನವಿಗಳಲ್ಲಿ ನಂಬಿಕೆ ಇರಲಿಲ್ಲ. ಅವಳು ಅಕ್ಕಿ ಡಬ್ಬದ ತಳದಿಂದ ತಮ್ಮನ ಮುದ್ರೆ ತೆಗೆದುಕೊಂಡು ವಾರ್ಡ್ ಕಚೇರಿಗೆ ಹೋದಳು. ತಾಕ್ ಉನ್‌ಸಿಕ್, ನ್ಯಾಯಾಧೀಶ, ಇಂದಿನಿಂದ ತನ್ನ ಅಂಗಡಿಯ ಮಾಳಿಗೆಯ ಕೋಣೆಯಲ್ಲಿ ವಾಸ ಎಂದು ಬರೆಸಿ ಮುದ್ರೆ ಒತ್ತಿದಳು. ಗುಮಾಸ್ತ ತಲೆ ಎತ್ತಲೂ ಇಲ್ಲ.

ಅಷ್ಟಕ್ಕೇ ಬಿಡದೆ, ದಪ್ಪ ಮರದ ಹಲಗೆಯ ಮೇಲೆ 'ನ್ಯಾಯಾಧೀಶ ತಾಕ್ ಉನ್‌ಸಿಕ್' ಎಂದು ಕೆತ್ತಿಸಿ ಬಾಗಿಲ ಪಕ್ಕದಲ್ಲಿ ನೇತುಹಾಕಿದಳು. ಯಾರು ಒಡೆಯುತ್ತಾರೋ ಒಡೆಯಲಿ ನೋಡೋಣ ಎಂದು ಸೊಂಟಕ್ಕೆ ಕೈಯಿಟ್ಟು ನಿಂತಳು.

ವಾರಕ್ಕೆ ಸರಿಯಾಗಿ ಮಣ್ಣು ಅಗೆಯುವ ಮಷೀನೊಂದು ಗಡಗಡನೆ ಓಣಿಯೊಳಕ್ಕೆ ಬಂತು. ಡ್ರೈವರ್ ಇಳಿದ. ಹಲಗೆಯ ಮುಂದೆ ನಿಂತು ಓದಿದ. ತಲೆ ಕೆರೆದುಕೊಂಡ. ನಾಮ್‌ಗುಂಗ್ ಹತ್ತಿರ ಏನೋ ಮಾತಾಡಿದ. ಮಷೀನು ಹತ್ತಿ, ಹಿಂದಕ್ಕೆ ಹಿಂದಕ್ಕೆ ತೆಗೆದು ಹೊರಟೇಹೋದ. ಮತ್ತೆ ಬರಲಿಲ್ಲ. ಕೆಂಪು ನಂಬರುಗಳು ಮಳೆಗೆ ತೊಳೆದುಹೋದವು.

ಅಂದಿನಿಂದ ಮಲ್‌ಸುನ್‌ಳ ನಡಿಗೆಯೇ ಬದಲಾಯಿತು. ಸಾರು ಬಡಿಸುವಾಗ ಹೊಸಬರು ಯಾರಾದರೂ ಕಂಡರೆ ಸಾಕು, ಮಷೀನಿನ ಕತೆ ಶುರು. ಒಂದು ಮಷೀನು ಎರಡಾಯಿತು. ಡ್ರೈವರ್ ಟೋಪಿ ತೆಗೆದು ಹಲಗೆಗೆ ನಮಸ್ಕಾರ ಮಾಡುವುದು ಮೂರನೇ ವರ್ಷದಲ್ಲಿ ಸೇರಿಕೊಂಡಿತು.

ಉನ್‌ಸಿಕ್‌ಗೆ ಗೊತ್ತಾದದ್ದು ಎಂಟು ತಿಂಗಳ ಮೇಲೆ. ಗಂಡಸರೆಲ್ಲ ಹೋಗಲೇಬೇಕಾದ ನಾಗರಿಕ ರಕ್ಷಣೆಯ ತರಬೇತಿಗೆ ಅವನು ಹಾಜರಾಗಿಲ್ಲ ಎಂದು ಎಚ್ಚರಿಕೆಯ ಕಾಗದ ಬಂತು. ತರಬೇತಿ ಇದ್ದದ್ದು ದೇಗುವಿನಲ್ಲಿ. ಅವನು ಮೊದಲ ರೈಲು ಹಿಡಿದು ಬಂದ.

"ಅಕ್ಕ, ನಾನು ಇಲ್ಲಿ ವಾಸವಾಗಿದೀನಂತೆ?"

"ಹೂಂ. ಮಾಳಿಗೆ ರೂಮಲ್ಲಿ. ಬಾಡಿಗೆ ಕೇಳ್ತಿಲ್ವಲ್ಲ, ಸುಮ್ನಿರು."

"ಇದು ಸುಳ್ಳು ವಿಳಾಸ ಅಕ್ಕ. ಕಾನೂನು ಪ್ರಕಾರ ಅಪರಾಧ."

"ನನ್ನ ತಮ್ಮ ನನ್ನ ಮನೇಲಿದಾನೆ ಅಂದ್ರೆ ಅದು ಸುಳ್ಳು ಹೆಂಗಾಗತ್ತೋ?"

ಅವನು ಬಹಳ ಹೊತ್ತು ಯೋಚಿಸಿದ. ಉತ್ತರ ಸಿಗಲಿಲ್ಲವೇನೋ, ವಾರ್ಡ್ ಕಚೇರಿಗೆ ಹೋಗಿ ತನ್ನ ವಿಳಾಸ ಸೋಲ್‌ಗೆ ವಾಪಸು ಬದಲಾಯಿಸಿ ಬಂದ. ಮಾರನೆಯ ದಿನ ನಗರದ ದೊಡ್ಡ ಕಚೇರಿಗೆ ಹೋಗಿ ಅರ್ಧ ದಿನ ಅಲ್ಲೇ ಕಳೆದ. ಯಾಕೆಂದು ಅವಳು ಕೇಳಲಿಲ್ಲ, ಅವನು ಹೇಳಲಿಲ್ಲ. ಹೊರಡುವಾಗ, "ಹಲಗೆ ತೆಗೀತೀಯಾ ಅಕ್ಕ?" ಎಂದು ಮೆತ್ತಗೆ ಕೇಳಿದ.

"ಹಲಗೆ ಹಾಕೋದೂ ಅಪರಾಧಾನಾ?"

"ಹಲಗೆ... ಅಲ್ಲ."

"ಹಂಗಾದ್ರೆ ಇರ್ಲಿ."

ಹಲಗೆ ಇತ್ತು. ಅವನು ಬಂದಾಗಲೆಲ್ಲ ಅವಳು ಅವನೆದುರೇ ಮಷೀನಿನ ಕತೆ ಹೇಳುತ್ತಿದ್ದಳು, ಅವನು ಬಟ್ಟಲಿಗೆ ತಲೆ ಬಗ್ಗಿಸಿ ಸಾರು ಕುಡಿಯುತ್ತಿದ್ದ. ನಾಚಿಕೆ ಪಾಪ, ಎಂದು ಅವಳು ಗಿರಾಕಿಗಳಿಗೆ ಕಣ್ಣು ಹೊಡೆಯುತ್ತಿದ್ದಳು. ಹೀಗೆ ಹದಿನೆಂಟು ವರ್ಷ ಕಳೆಯಿತು.

ಅವನ ಐವತ್ಮೂರನೇ ವಯಸ್ಸಿನಲ್ಲಿ ಸಂವಿಧಾನ ನ್ಯಾಯಾಲಯಕ್ಕೆ ಹೆಸರು ಸೂಚಿಸಿದರು. ಹಳ್ಳಿಯ ಬಾಗಿಲಲ್ಲಿ ಹೊಸ ಬಟ್ಟೆ ಕಟ್ಟಿದರು. ಮಲ್‌ಸುನ್ ಓಣಿಗೆಲ್ಲ ಒಂದು ದಿನ ಬಿಟ್ಟಿ ಸಾರು ಹಾಕಿದಳು. ಆದರೆ ಕುರ್ಚಿ ಹತ್ತುವ ಮೊದಲು ಸಂಸತ್ತಿನಲ್ಲಿ ಒಂದು ದಿನ ವಿಚಾರಣೆಗೆ ಕೂರಬೇಕು. ಹುಟ್ಟಿದಂದಿನಿಂದ ಮಾಡಿದ್ದನ್ನೆಲ್ಲ ವಿರೋಧ ಪಕ್ಷದವರು ಕೆದಕುತ್ತಾರೆ. ಅಲ್ಲಿ ಮೊದಲು ಕೆದಕುವುದೇ ವಿಳಾಸ. ಮಕ್ಕಳನ್ನು ಒಳ್ಳೆಯ ಶಾಲೆಗೆ ಸೇರಿಸಲು ಸಿರಿವಂತರ ಬಡಾವಣೆಯಲ್ಲಿ ಸುಳ್ಳು ವಿಳಾಸ ಕೊಟ್ಟು ಸಿಕ್ಕಿಬಿದ್ದ ದೊಡ್ಡ ಮನುಷ್ಯರಿಗೆ ಆ ದೇಶದಲ್ಲಿ ಬರವಿಲ್ಲ. ಸೋಲ್ ಬಿಟ್ಟು, ದೇಗುವಿನ ಹಿಂದೋಣಿಯ ಸಾರಿನಂಗಡಿಯ ಮಾಳಿಗೆಗೆ ಸುಳ್ಳು ವಿಳಾಸ ಬದಲಾಯಿಸಿದವನು ಮಾತ್ರ ತಾಕ್ ಉನ್‌ಸಿಕ್ ಒಬ್ಬನೇ. ಅದೇ ಅನುಮಾನಕ್ಕೆ ಕಾರಣವಾಯಿತು.

ಪತ್ರಕರ್ತನೊಬ್ಬ ಅಂಗಡಿಗೆ ಬಂದ. ಗಿರಾಕಿಯ ಹಾಗೆ ಸಾರು ತರಿಸಿಕೊಂಡು, ಹಲಗೆ ಯಾರದಮ್ಮ ಎಂದ. ಮಲ್‌ಸುನ್ ಮೂಲಂಗಿ ಎರಡು ಸಲ ಬಡಿಸಿ ಕತೆ ಪೂರ್ತಿ ಹೇಳಿದಳು, ಟೋಪಿಯ ನಮಸ್ಕಾರದ ಸಮೇತ. ಮರುದಿನ ಪತ್ರಿಕೆಯಲ್ಲಿ ಬಂತು: ನ್ಯಾಯಾಧೀಶನ ಹೆಸರಿಗೆ ಹೆದರಿ ಓಣಿ ಒಡೆಯುವುದು ನಿಂತಿತು, ಅಕ್ಕನ ಅಂಗಡಿ ಉಳಿಯಿತು, ಇವರೇ ನಾಳೆ ಸಂವಿಧಾನ ಕಾಯುವವರು.

ನಾಮ್‌ಗುಂಗ್ ಅದನ್ನು ಓದಿ ಹೇಳಿದಾಗ ಮಲ್‌ಸುನ್ ಸೌಟು ಕೆಳಗಿಟ್ಟಳು. ಇಷ್ಟು ವರ್ಷ ತಾನು ಜಂಬದಿಂದ ಬಡಿಸಿದ್ದು ತಮ್ಮನ ಕುತ್ತಿಗೆಗೇ ಉರುಲಾಯಿತಲ್ಲ ಎಂದು ಒದ್ದಾಡಿದಳು. ಫೋನ್ ಮಾಡಿದಳು.

"ನನ್ನ ಮೇಲೆ ಹಾಕಿಬಿಡೋ. ಮುದ್ರೆ ಕದ್ದಳು, ತಲೆ ಕೆಟ್ಟ ಹೆಂಗಸು, ನಂಗೇನೂ ಗೊತ್ತಿರಲಿಲ್ಲ ಅನ್ನು. ಇಲ್ಲಾಂದ್ರೆ ನೆನಪಿಲ್ಲ ಅನ್ನು. ಎಲ್ರೂ ಹಂಗೇ ಅಂತಾರಂತಲ್ಲ."

"ನಂಗೆ ನೆನಪಿದೆಯಲ್ಲ ಅಕ್ಕ."

"ಅಯ್ಯೋ ನಿನ್ ನೆನಪಿಗಿಷ್ಟು! ಹೇಳಿದಷ್ಟು ಮಾಡ್ತೀಯೋ ಇಲ್ವೋ?"

"ಯೋಚನೆ ಮಾಡ್ತೀನಿ."

ಅವಳಿಗೆ ಫೋನನ್ನು ಸಾರಿನ ಹಂಡೆಗೆ ಎಸೆಯಬೇಕು ಅನ್ನಿಸಿತು.

ವಿಚಾರಣೆಯ ದಿನ ಓಣಿಯೆಲ್ಲ ಅಂಗಡಿಯ ಟಿವಿ ಮುಂದೆ ಸೇರಿತು. ಮಲ್‌ಸುನ್ ಈರುಳ್ಳಿ ಸೊಪ್ಪು ಹೆಚ್ಚುವ ನೆಪದಲ್ಲಿ ನಿಂತೇ ಇದ್ದಳು. ಪರದೆಯ ಮೇಲೆ ಉನ್‌ಸಿಕ್ ಒಗ್ಗದ ಟೈ ಕಟ್ಟಿಕೊಂಡು ಕೂತಿದ್ದ. ಪ್ರಶ್ನೆ ಕೇಳಲು ಎದ್ದವನು ಜೆಗಾಲ್ ಎಂಬ ಸದಸ್ಯ, ಗಂಟಲು ದೊಡ್ಡದು.

"ಆ ಮಾಳಿಗೆಯಲ್ಲಿ ತಾವು ಒಂದು ದಿನವಾದರೂ ವಾಸವಾಗಿದ್ದಿರಾ?"

"ಇಲ್ಲ."

"ಹಾಗಾದರೆ ಮುದ್ರೆ ಒತ್ತಿದವರು ಯಾರು?"

"ನನ್ನ ಹೆಸರು ಹೇಳೋ, ಹೇಳೋ" ಎಂದು ಮಲ್‌ಸುನ್ ಟಿವಿಗೆ ಹಲ್ಲು ಕಡಿದಳು.

ಉನ್‌ಸಿಕ್ ತನ್ನ ಹೊತ್ತು ತಾನು ತೆಗೆದುಕೊಂಡ. ಆಮೇಲೆ ಹೇಳಿದ: "ಮುದ್ರೆ ನನ್ನದು. ಅದನ್ನು ಅಕ್ಕನಿಗೆ ಕೊಟ್ಟು, ಎಲ್ಲಿ ಬೇಕೋ ಅಲ್ಲಿ ಒತ್ತು ಅಂದವನು ನಾನು. ಆದ್ದರಿಂದ ಅದು ಎಲ್ಲಿ ಬಿದ್ದಿದ್ದರೂ ಒತ್ತಿದವನು ನಾನೇ. ಎಂಟು ತಿಂಗಳ ಮೇಲೆ ಗೊತ್ತಾಯಿತು. ಸದ್ದಿಲ್ಲದೆ ಸರಿಮಾಡಿ ಸುಮ್ಮನಾದೆ. ನ್ಯಾಯಾಧೀಶನಾದವನು ಆಗಲೇ ಮೇಲಿನವರಿಗೆ ತಿಳಿಸಬೇಕಿತ್ತು. ತಿಳಿಸಲಿಲ್ಲ. ಅದು ನನ್ನ ತಪ್ಪು."

"ಪೆದ್ದ! ಶುದ್ಧ ಪೆದ್ದ!" ಎಂದಳು ಮಲ್‌ಸುನ್. ಕಣ್ಣಲ್ಲಿ ನೀರು ಬಂತು. ಈರುಳ್ಳಿ ಸೊಪ್ಪಿಗೆ ಅಷ್ಟು ನೀರು ಬರುವುದಿಲ್ಲ ಎಂದು ಎಲ್ಲರಿಗೂ ಗೊತ್ತಿತ್ತು.

ಜೆಗಾಲ್ ಬಿಡಲಿಲ್ಲ. ಪತ್ರಿಕೆ ಎತ್ತಿ ಹಿಡಿದ. "ನಿಮ್ಮ ಹೆಸರಿನ ಹಲಗೆ ನೋಡಿ ಮಷೀನು ಹಿಂದಕ್ಕೆ ಹೋಯಿತು. ನಿಮ್ಮ ಅಧಿಕಾರಕ್ಕೆ ಹೆದರಿ ಓಣಿ ಉಳಿಯಿತು. ಹೌದೋ ಅಲ್ಲವೋ? ಒಂದೇ ಮಾತು!"

ಉನ್‌ಸಿಕ್ ಬಾಯಿ ತೆರೆದ. ಮುಚ್ಚಿದ. ಎದುರಿಗಿದ್ದ ಕಡತದ ಮೇಲೆ ಕೈಯಿಟ್ಟ, ತೆರೆಯಲಿಲ್ಲ. ಹತ್ತು ಕ್ಷಣ, ಇಪ್ಪತ್ತು ಕ್ಷಣ. ಸಭೆಯಲ್ಲಿ ಗುಸುಗುಸು ಎದ್ದಿತು. ನಾಮ್‌ಗುಂಗ್ ಗಡಿಯಾರ ನೋಡುತ್ತ, "ನಲವತ್ತಾಯ್ತು. ಇವ್ನಿಗೆ ಕಡುಬು ಯಾವ್ದು ಬೇಕು ಅಂತ ಯಾರಾದ್ರೂ ಕೇಳಿದ್ರಾ?" ಎಂದ. ಯಾರೂ ನಗಲಿಲ್ಲ.

"ಅಲ್ಲ ಅನ್ನೋ!" ಎಂದು ಮಲ್‌ಸುನ್ ಕೂಗಿದಳು. ಕೂಗಿದ ಮೇಲೆಯೇ ಅವಳಿಗೆ ಹೊಳೆದದ್ದು: ಅಲ್ಲ ಎಂದರೆ ಸುಳ್ಳು ಹೇಳಿದ ಹಾಗೆ. ಹೌದು ಎಂದರೆ ಕುರ್ಚಿ ಹೋದ ಹಾಗೆ.

"ಇದಕ್ಕೆ ನನ್ನ ಹತ್ತಿರ ಉತ್ತರ ಇದೆ" ಎಂದ ಉನ್‌ಸಿಕ್ ಕೊನೆಗೆ. "ಆದರೆ ಅದನ್ನು ನಿಮಗಿಂತ ಮೊದಲು ಕೇಳಿಸಿಕೊಳ್ಳಬೇಕಾದವರು ಒಬ್ಬರಿದ್ದಾರೆ. ಊಟದ ವಿರಾಮದ ನಂತರ ಹೇಳಲು ಅವಕಾಶ ಕೊಡಿ."

ಸಭೆಯಲ್ಲಿ ಗದ್ದಲವೆದ್ದಿತು. ಸಾಕ್ಷಿಗೆ ಹೇಳಿಕೊಡಲು ಹೋಗುತ್ತಿದ್ದಾನೆ ಎಂದು ಜೆಗಾಲ್ ಮೇಜು ಗುದ್ದಿದ. ಹನ್ನೆರಡಕ್ಕೆ ಇನ್ನೂ ಹದಿನೈದು ನಿಮಿಷವಿತ್ತು. ಅಧ್ಯಕ್ಷರಿಗೆ ಹಸಿವಾಗಿತ್ತೋ ಕುತೂಹಲವಾಗಿತ್ತೋ, ವಿರಾಮ ಘೋಷಿಸಿದರು.

ಅಂಗಡಿಯ ಫೋನ್ ಬಡಿದುಕೊಂಡಿತು.

"ಅಕ್ಕ, ಊಟ ಆಯ್ತಾ?"

"ಊಟದ ಮಾತು ಬಿಡೋ! ಬಾಯಲ್ಲೇನು ಕಡುಬು ಇಟ್ಕೊಂಡಿದ್ಯಾ? ಅಲ್ಲ ಅನ್ನೋಕೆ ಏನಾಗಿತ್ತು ನಿಂಗೆ?"

"ಅಲ್ಲ ಅಂತಾನೇ ಹೇಳ್ಬೇಕು. ಅದಕ್ಕೇ ಫೋನ್ ಮಾಡ್ದೆ." ಅವನು ಗಂಟಲು ಸರಿಮಾಡಿಕೊಂಡ. "ಆ ರಸ್ತೆ ಮಾರ್ಚಲ್ಲೇ ರದ್ದಾಗಿತ್ತು ಅಕ್ಕ. ಹಳ್ಳದ ಆಚೆ ಕಡೆಗೆ ತಿರುಗಿಸಿಬಿಟ್ರು. ಸರ್ಕಾರಿ ಪ್ರಕಟಣೇಲಿ ಬಂದಿತ್ತು, ಓಣೀಲಿ ಯಾರೂ ಓದ್ಲಿಲ್ಲ. ನೀನು ಹಲಗೆ ಹಾಕಿದ್ದು ಮೇ ತಿಂಗಳಲ್ಲಿ."

ಮಲ್‌ಸುನ್ ಫೋನನ್ನು ಬಲಗಿವಿಯಿಂದ ತೆಗೆದು ಎಡಗಿವಿಗೆ ಇಟ್ಟುಕೊಂಡಳು.

ಸ್ವಲ್ಪ ಹೊತ್ತು ಬಿಟ್ಟು, ಅಂಗಡಿಗೆಲ್ಲ ಕೇಳುವ ಹಾಗೆ ಆ ಕಡೆಯಿಂದ ಕೂಗು ಬಂತು. "ಅಕ್ಕ! ಬಲಗಿವಿಗೆ ಇಟ್ಕೋ!"

ಅವಳು ಬಲಗಿವಿಗೆ ಇಟ್ಟುಕೊಂಡಳು. "ಮಷೀನು ಬಂದಿತ್ತಲ್ಲೋ" ಎಂದಳು. ಧ್ವನಿ ಸಣ್ಣದಾಗಿತ್ತು. "ಡ್ರೈವರು ನಿಂತು ಓದಿದ್ನಲ್ಲೋ."

"ಅದು ನಂಗೊತ್ತಿಲ್ಲ ಅಕ್ಕ."

ಹಿಂದೆ ನಾಮ್‌ಗುಂಗ್ ಕೆಮ್ಮಿದ. "ಅವ್ನು ಆಚೆ ಬೀದಿಯ ಸಾರ್ವಜನಿಕ ಸ್ನಾನದ ಮನೆ ಹತ್ರ ಚರಂಡಿ ಅಗಿಯೋಕೆ ಬಂದಿದ್ದ ಕಣಮ್ಮ. ದಾರಿ ತಪ್ಪಿ, ವಿಳಾಸ ಗೊತ್ತಾಗತ್ತೇನೋ ಅಂತ ಹಲಗೆ ಓದ್ದ. ನಾನೇ ದಾರಿ ತೋರಿಸ್ದೆ."

"ನಾಮ್‌ಗುಂಗಣ್ಣ! ನೀನೂನಾ?"

"ಹೇಳೋಣ ಅಂತಾನೇ ಇದ್ದೆ. ಅವತ್ತು ನೀನು ಓಣಿ ತುಂಬ ಕುಣಿದಾಡ್ತಿದ್ದೆ. ನಾಳೆ ಹೇಳಿದ್ರಾಯ್ತು ಅಂದ್ಕೊಂಡೆ. ನಾಳೆ ನಾಳೆ ಅಂತ ಹದಿನೆಂಟು ವರ್ಷ ಆಗೋಯ್ತು."

ಮಲ್‌ಸುನ್ ಸ್ಟೂಲು ಎಳೆದುಕೊಂಡು ಕೂತಳು. ಅವಮಾನ ಒಂದು ಕಡೆ, ಸಿಟ್ಟು ಇನ್ನೊಂದು ಕಡೆ. ಅದಕ್ಕಿಂತ ಹೆಚ್ಚಾಗಿ, ಜೀವನದಲ್ಲಿ ತಾನು ಮಾಡಿದ ಒಂದೇ ಒಂದು ಶೂರತನ ಕೈಬಿಟ್ಟು ಹೋದ ಸಂಕಟ. ಫೋನ್ ಇನ್ನೂ ಕಿವಿಯಲ್ಲೇ ಇತ್ತು.

"ನಿನ್ ಮುಂದೇನೇ ಎಷ್ಟು ಸಲ ಹೇಳಿದೀನಿ ಆ ಕತೆ?"

"ನಾನು ಇದ್ದಾಗ ನಲವತ್ಮೂರು ಸಲ."

"ಎಣಿಸಿದೀಯಾ!"

"ಸಲ ಸಲಕ್ಕೂ ಮಷೀನು ಸ್ವಲ್ಪ ದೊಡ್ಡದಾಗ್ತಿತ್ತು."

"ಯಾಕೋ ಹೇಳ್ಲಿಲ್ಲ, ಪಾಪಿ?"

"ಯೋಚನೆ ಮಾಡ್ತಿದ್ದೆ ಅಕ್ಕ."

ಅವಳಿಗೆ ಈಗ ಅರ್ಥವಾಯಿತು. ಬೆಳಗಿನಿಂದ ಅವನು ಕೈಯಿಟ್ಟುಕೊಂಡು ಕೂತಿದ್ದ ಆ ಕಡತದಲ್ಲಿ ಅವನನ್ನು ಉಳಿಸುವ ಕಾಗದವಿತ್ತು. ನಗರದ ಕಚೇರಿಯಲ್ಲಿ ಅರ್ಧ ದಿನ ಹುಡುಕಿ ತಂದಿಟ್ಟುಕೊಂಡದ್ದು. ಅದನ್ನು ಓದಿದ್ದರೆ ಅವನ ಕುರ್ಚಿ ಅಲ್ಲೇ ಗಟ್ಟಿಯಾಗುತ್ತಿತ್ತು. ಓಣಿಯವರೆಲ್ಲರ ಎದುರು, ಟಿವಿಯಲ್ಲಿ, ಅಕ್ಕನ ಕತೆ ಬಿದ್ದುಹೋಗುತ್ತಿತ್ತು. ಅಷ್ಟಕ್ಕಾಗಿ ಈ ಪೆದ್ದ ದೇಶದೆದುರು ಬಾಯಿ ಮುಚ್ಚಿಕೊಂಡು ಕೂತಿದ್ದ.

ಅವಳು ಮೂಗು ಒರೆಸಿಕೊಂಡಳು. "ಹೋಗು. ಹೋಗಿ ಓದು ಆ ಕಾಗದ. ಗಟ್ಟಿಯಾಗಿ ಓದು, ಗೊಣಗ್ಬೇಡ."

"ನಿಂಗೆ ಬೇಜಾರಾ ಅಕ್ಕ?"

"ಬೇಜಾರು ಆಮೇಲೆ ಮಾಡ್ಕೋತೀನಿ. ಮೊದ್ಲು ಊಟ ಮಾಡು."

ಮಧ್ಯಾಹ್ನ ಅವನು ಗಟ್ಟಿಯಾಗಿ ಓದಿದ. ಜೆಗಾಲ್‌ನ ಸಹಾಯಕ ದಿನಾಂಕ ತಾಳೆ ನೋಡಿ ಕಿವಿಯಲ್ಲಿ ಏನೋ ಹೇಳಿದ. ಜೆಗಾಲ್‌ನ ದೊಡ್ಡ ಗಂಟಲು ಸ್ವಲ್ಪ ಇಳಿಯಿತು. "ಈ ಕಾಗದ ಇಟ್ಟುಕೊಂಡು ಬೆಳಿಗ್ಗೆಯಿಂದ ಯಾಕೆ ಸುಮ್ಮನೆ ಕೂತಿದ್ದಿರಿ?"

"ಅಕ್ಕನಿಗೆ ಹೇಳಿರಲಿಲ್ಲ."

ಸಭೆಯೆಲ್ಲ ನಕ್ಕಿತು, ಜೆಗಾಲ್ ಕೂಡ. ಸುಳ್ಳು ವಿಳಾಸದ ಬಗ್ಗೆ ವರದಿಯಲ್ಲಿ ಎರಡು ಸಾಲು ಛೀಮಾರಿ ಬರೆದು, ನೇಮಕಕ್ಕೆ ಒಪ್ಪಿದರು. ಆ ಸಂಜೆಯೇ ಮಲ್‌ಸುನ್ ಹಲಗೆ ಕಿತ್ತಳು. ಒಳ್ಳೆ ಮರ, ಬಿಸಾಡಲು ಮನಸ್ಸಾಗಲಿಲ್ಲ. ಮೂಲಂಗಿ ಜಾಡಿಯೊಳಗೆ, ಹೋಳುಗಳು ಮೇಲೇಳದಂತೆ ಒತ್ತಾಗಿ ಇಟ್ಟಳು. ಗಿರಾಕಿಗಳಿಗೆ ಕತೆ ಹೇಳುವುದು ನಿಂತಿತು. ನಾಮ್‌ಗುಂಗ್ ಜೊತೆ ಎರಡು ತಿಂಗಳು ಮಾತು ಬಿಟ್ಟಳು. ಆಮೇಲೆ ಅವನು ಹಬ್ಬಕ್ಕೆ ಎಳ್ಳಿನ ಕಡುಬು ತಂದಾಗ, ಬಟ್ಟಲು ಕಿತ್ತುಕೊಂಡು ಬೈದು ಸರಿಹೋದಳು.

ಸಂವಿಧಾನ ನ್ಯಾಯಾಲಯದಲ್ಲಿ ಆರು ವರ್ಷ. ಅಲ್ಲಿ ಒಂಬತ್ತು ಜನ ಬಾಗಿಲು ಹಾಕಿಕೊಂಡು ಚರ್ಚೆಗೆ ಕೂತಾಗ, ಹಿರಿಯರ ಮುಲಾಜಿಗೆ ಬೀಳಬಾರದೆಂದು ಎಲ್ಲರಿಗಿಂತ ಹೊಸಬನೇ ಮೊದಲು ಮಾತಾಡಬೇಕು. ಬಂದ ಹೊಸದರಲ್ಲಿ ಆ ಸರದಿ ಉನ್‌ಸಿಕ್‌ನದು. ಉಳಿದ ಎಂಟು ಜನ ಚಹಾದ ಫ್ಲಾಸ್ಕ್ ತರುವುದನ್ನು ಕಲಿತರು. ಅವನ ಬಾಯಿಂದ ಮಾತು ಬರುವ ಹೊತ್ತಿಗೆ ಅದು ಎಂಟೂ ಜನರಿಗೆ ವಿರುದ್ಧವಾಗಿರುತ್ತಿತ್ತು. ತೀರ್ಪುಗಳ ಕೊನೆಯಲ್ಲಿ ಒಬ್ಬನೇ ಬರೆದ ಭಿನ್ನಾಭಿಪ್ರಾಯ ಎಂದಿದ್ದರೆ ಅದು ತಾಕ್ ಉನ್‌ಸಿಕ್‌ನದು ಎಂದು ವಕೀಲರು ಹೆಸರು ನೋಡದೆ ಹೇಳುತ್ತಿದ್ದರು. ಊಟಕ್ಕೆ ಎಲ್ಲಿಗೆ ಎಂದು ಅಲ್ಲಿ ಅವನನ್ನು ಯಾರೂ ಕೇಳಲಿಲ್ಲ. ಸುದ್ದಿ ಮೊದಲೇ ತಲುಪಿತ್ತು.

ಅವಧಿ ಮುಗಿದಾಗ ದೊಡ್ಡ ವಕೀಲರ ಕಂಪನಿಗಳು ಕರೆದವು. ಅವನು ಎರಡು ಸೂಟ್‌ಕೇಸು, ಹನ್ನೊಂದು ಪೆಟ್ಟಿಗೆ ಪುಸ್ತಕದೊಂದಿಗೆ ದೇಗುವಿನ ಓಣಿಯಲ್ಲಿ ಇಳಿದ. ಮಾಳಿಗೆಯ ಕೋಣೆಯಲ್ಲಿ ಈರುಳ್ಳಿ ಮೂಟೆಗಳಿದ್ದವು. ಮಲ್‌ಸುನ್ ಬೈಯುತ್ತ ಮೂಟೆ ಇಳಿಸಿದಳು.

ಮಾರನೆಯ ದಿನ ಇಬ್ಬರೂ ವಾರ್ಡ್ ಕಚೇರಿಗೆ ಹೋದರು. ಕೌಂಟರಿನ ಹುಡುಗಿ ಕಂಪ್ಯೂಟರ್ ನೋಡಿ ಕೇಳಿದಳು. "ಸಾರ್, ಇದೇ ವಿಳಾಸಕ್ಕೆ ಮುಂಚೆ ಒಂದ್ಸಲ ಬಂದಿದ್ರಿ, ಎಂಟು ತಿಂಗಳು. ಈಗ ವಾಪಸ್ ಬರ್ತಿದೀರಾ?"

ಉನ್‌ಸಿಕ್ ಯೋಚಿಸತೊಡಗಿದ. ಹಿಂದೆ ಸಾಲು ಬೆಳೆಯಿತು.

"ಹೂಂ ಅನ್ನೋ!" ಎಂದಳು ಮಲ್‌ಸುನ್. ಈಗ ಸಹಿ ಸಾಕು ಎಂದು ಹುಡುಗಿ ಹೇಳಿದರೂ ಕೇಳದೆ, ಸೊಂಟದ ಚೀಲದಿಂದ ಎಲಚಿ ಮರದ ಮುದ್ರೆ ತೆಗೆದು, ಉಸಿರು ಊದಿ, ಗಟ್ಟಿಯಾಗಿ ಒತ್ತಿದಳು.

ಮನೆಗೆ ಬಂದವಳೇ ಮೂಲಂಗಿ ಜಾಡಿಯಿಂದ ಹಲಗೆ ಎತ್ತಿ ಬಿಸಿನೀರಲ್ಲಿ ತಿಕ್ಕಿದಳು. ನಾಮ್‌ಗುಂಗ್ ಉಳಿ ತಂದು 'ನ್ಯಾಯಾಧೀಶ' ಎಂಬುದನ್ನು ಕೆತ್ತಿ ತೆಗೆದ. ಬರಿಯ ಹೆಸರು ಉಳಿಯಿತು. ಕಿಮ್ಚಿಯ ವಾಸನೆ ಪೂರ್ತಿ ಹೋಗಲಿಲ್ಲ, ಕೆಂಪು ಕೂಡ ಅಲ್ಲಲ್ಲಿ ಹಿಡಿದಿತ್ತು. ಬಾಗಿಲ ಪಕ್ಕದ ಹಳೆಯ ಮೊಳೆಗೆ ಅದನ್ನು ನೇತುಹಾಕಿ, ಹಿಂದೆ ಸರಿದು ನಿಂತು, ಮಲ್‌ಸುನ್ ತಮ್ಮನ ಕಡೆ ತಿರುಗಿದಳು.

"ಈಗ ಹೇಳು ನ್ಯಾಯಾಧೀಶರೇ. ಇದು ಸುಳ್ಳಾ?"

ಉನ್‌ಸಿಕ್ ಯೋಚಿಸಲಿಲ್ಲ. "ಆವಾಗ್ಲೂ ಸುಳ್ಳಾಗಿರ್ಲಿಲ್ಲ ಅಕ್ಕ" ಎಂದ.

ಅವಳು ಬಲಗಿವಿಯನ್ನು ಅವನ ಹತ್ತಿರಕ್ಕೆ ತಂದು, "ಇನ್ನೊಂದ್ಸಲ ಹೇಳು" ಎಂದಳು.